ಕೆಂಡವಿಲ್ಲದ ಸಮೋವಾರ್

ಸಭೆಯ ಅಧ್ಯಕ್ಷರೂ ನಮ್ಮ ಸಂಸ್ಕೃತಿ ಭವನದ ನಿರ್ದೇಶಕರೂ ಆದ ಎಸೆನ್‌ಕುಲ್ ಮೇಷ್ಟ್ರೇ, ಜಿಲ್ಲಾ ಕಚೇರಿಯಿಂದ ಹಿಮದ ದಾರಿಯಲ್ಲಿ ಬಂದಿರುವ ಮುಖ್ಯ ಅತಿಥಿಗಳೇ, ಮೊದಲ ಸಾಲಿನಲ್ಲಿರುವ ಬಾತ್ಮಾ ಅಕ್ಕನವರೇ, ಒಲೆ ಉರಿಯದ ಈ ಸಭಾಂಗಣದಲ್ಲಿ ಕೋಟು ಬಿಚ್ಚದೆ ಕುಳಿತಿರುವ ಸಭಿಕರೇ,

ಮೊದಲು ಕ್ಷಮೆ ಕೇಳುತ್ತೇನೆ. ಈ ಕಾಗದದಲ್ಲಿರುವುದು ನನ್ನ ಕೈಬರಹ. ಕೋಳಿ ಕೆದಕಿದ ಹಾಗಿದೆ. ಕಾಗುಣಿತದ ತಪ್ಪು ಲೆಕ್ಕವಿಲ್ಲದಷ್ಟಿದೆ. ಅದು ಕಿವಿಗೆ ಕೇಳಿಸುವುದಿಲ್ಲ ಎಂಬುದೊಂದೇ ಸಮಾಧಾನ. ನಾನು ನಾಲ್ಕನೆಯ ತರಗತಿಯವರೆಗೆ ಓದಿದವಳು. ಐದನೆಯ ತರಗತಿಯ ಹೊತ್ತಿಗೆ ಶಾಲೆಗೆ ಕಲ್ಲಿದ್ದಲು ಬರುವುದು ನಿಂತಿತು. ಪಾಠ ಹೇಳುತ್ತಿದ್ದವರು ಸಂತೆಯಲ್ಲಿ ಸಿಗರೇಟು ಮಾರಲು ಹೋದರು, ನಾನು ಚಿಕ್ಕಪ್ಪನ ಕುರಿಗಳ ಹಿಂದೆ ಹೋದೆ. ಆದ್ದರಿಂದ ಓದುವಾಗ ನಡುವೆ ನಿಂತರೆ ದುಃಖ ಉಕ್ಕಿ ಬಂತೆಂದು ತಿಳಿಯಬೇಡಿ. ನನ್ನ ಅಕ್ಷರ ನನಗೇ ಗೊತ್ತಾಗಲಿಲ್ಲ ಎಂದು ತಿಳಿಯಿರಿ. ಕೆಲವು ಸಾಲುಗಳನ್ನು ಹೊಡೆದುಹಾಕಿದ್ದೇನೆ. ಅವನ್ನು ಓದಬಾರದೆಂದು ದಾರಿಯುದ್ದಕ್ಕೂ ನನಗೇ ಹೇಳಿಕೊಂಡು ಬಂದಿದ್ದೇನೆ.

ಮೇಷ್ಟ್ರು ನನಗಾಗಿ ಒಂದು ಭಾಷಣವನ್ನು ಟೈಪ್ ಮಾಡಿಸಿ ಕೊಟ್ಟಿದ್ದರು. ಎರಡು ಪುಟ, ಅಚ್ಚುಕಟ್ಟಾಗಿತ್ತು. ಅದರಲ್ಲಿ ‘ಅಪಾರ ಸಂತೋಷ’ ಎಂಬ ಮಾತು ಏಳು ಸಲ ಬರುತ್ತದೆ. ಅಷ್ಟು ಸಂತೋಷವನ್ನು ಹೊತ್ತುಕೊಂಡು ಈ ಮೂರು ಮೆಟ್ಟಿಲು ಹತ್ತುವ ಶಕ್ತಿ ನನಗಿರಲಿಲ್ಲ. ಅದನ್ನು ಮನೆಯಲ್ಲಿ ಬಿಟ್ಟು ಇದನ್ನು ತಂದೆ. ಹಾಗೆಯೇ ಮೇಜಿನ ಮೇಲೆ, ಹೂವಿನ ಪಕ್ಕದಲ್ಲಿ, ನಾನು ಇಟ್ಟಿರುವ ಬಿಳಿ ಕರವಸ್ತ್ರದ ಗಂಟನ್ನು ಮೇಷ್ಟ್ರು ಆಗಲೇ ಎರಡು ಸಲ ಮುಟ್ಟಿ ನೋಡಿದರು. ದಯವಿಟ್ಟು ಈಗಲೇ ಬಿಚ್ಚಬೇಡಿ. ಅದು ಚಹಾದ ಜೊತೆ ತಿನ್ನುವ ಪದಾರ್ಥವಲ್ಲ.

ಇವತ್ತು ಮಾರ್ಚ್ ಎಂಟು. ಹೆಂಗಸರ ದಿನ. ಪ್ರತಿ ವರ್ಷ ಈ ದಿನ ಊರಿನ ಒಬ್ಬ ಹೆಂಗಸನ್ನು ಕರೆದು ಒಂದು ಹೂವು, ಒಂದು ಮೆಚ್ಚುಗೆಯ ಕಾಗದ ಮತ್ತು ಆರು ಚಹಾ ಬಟ್ಟಲುಗಳ ಒಂದು ಪೆಟ್ಟಿಗೆ ಕೊಡುವುದು ಪದ್ಧತಿ. ಹೋದ ವರ್ಷ ಹತ್ತು ಮಕ್ಕಳ ತಾಯಿಗೆ ಕೊಟ್ಟರು. ಅದಕ್ಕೂ ಹಿಂದಿನ ವರ್ಷ ಅತಿ ಹೆಚ್ಚು ಉಣ್ಣೆ ಕತ್ತರಿಸಿದವಳಿಗೆ. ಈ ವರ್ಷ ನನಗೆ. ನಾನು ಏನು ಕತ್ತರಿಸಿದ್ದೇನೆ? ಟಿಕೆಟ್.

ನೀವೆಲ್ಲ ಬಲ್ಲಿರಿ, ನಾನು ಊರಿನ ಸಾರ್ವಜನಿಕ ಸ್ನಾನಗೃಹದ ಟಿಕೆಟ್ ಕಿಂಡಿಯಲ್ಲಿ ಕೂರುವ ಜಿಪಾರ್. ಗುರುವಾರ ಗಂಡಸರು, ಶನಿವಾರ ಹೆಂಗಸರು. ನನ್ನ ಕೋಣೆಗೂ ಒಳಗಿನ ಆವಿಯ ಕೋಣೆಗೂ ನಡುವೆ ಒಂದು ಹಲಗೆಯ ಗೋಡೆ; ಗೋಡೆಯ ಮೂಲಕ ಒಂದು ಹಳೆಯ ಕೊಳವೆ ಹಾಯ್ದುಹೋಗುತ್ತದೆ. ಆ ಕೊಳವೆಯಲ್ಲಿ ಬಿಸಿನೀರಿಗಿಂತ ಮಾತು ಸರಾಗವಾಗಿ ಹರಿಯುತ್ತದೆ. ಗುರುವಾರ ನಾನು ಏನನ್ನೂ ಬರೆದುಕೊಳ್ಳಲಿಲ್ಲ. ಕುದುರೆ, ಟೈರು, ಸರ್ಕಾರ, ಮತ್ತೆ ಕುದುರೆ. ಶನಿವಾರದ್ದನ್ನು ಮಾತ್ರ ಟಿಕೆಟ್ ಪುಸ್ತಕಗಳ ಹಿಂಬದಿಯಲ್ಲಿ ಬರೆದೆ. ಮೂರು ವರ್ಷ ಬರೆದೆ. ಎದುರು ನಿಂತು ಮಾತಾಡಲು ನಾಚುವವಳಿಗೆ ಗೋಡೆಯ ಹಿಂದೆ ಕೂತು ಕೇಳುವುದು ಸುಲಭ.

ಏನು ಬರೆದೆ? ಖುಷಿಯಿಲ್ಲದಾಗ ಖುಷಿ ತೋರಿಸುವುದಕ್ಕೆ ನಮ್ಮ ಹೆಂಗಸರು ತಮ್ಮೊಳಗೆ ಬಳಸುವ ಮಾತುಗಳನ್ನು. ಕುದುರೆಯ ಬಣ್ಣಕ್ಕೆ ನಮ್ಮಲ್ಲಿ ನಲವತ್ತು ಮಾತುಗಳಿವೆ ಎಂದು ಗಂಡಸರು ಎದೆಯುಬ್ಬಿಸುತ್ತಾರೆ. ನಿಜವಾದ ಖುಷಿಗೆ ನಮ್ಮಲ್ಲಿ ಎಷ್ಟು ಮಾತುಗಳಿವೆ? ಒಂದೋ ಎರಡೋ. ಸುಳ್ಳು ಖುಷಿಗೆ ಮೂವತ್ತೊಂದು ಸಿಕ್ಕಿವೆ. ಯಾವುದರ ಬಳಕೆ ಹೆಚ್ಚೋ ಅದಕ್ಕೆ ಮಾತು ಹೆಚ್ಚು, ಅಲ್ಲವೇ?

ಎಲ್ಲವನ್ನೂ ಹೇಳುವುದಿಲ್ಲ, ನಿಮಗೆ ಚಳಿಯಾಗುತ್ತಿದೆ. ಮೊದಲು ‘ನಿಲುವಂಗಿ ನಗು’. ಮದುವೆಯಲ್ಲಿ ಬೀಗರ ಹೆಗಲಿಗೆ ವೆಲ್ವೆಟ್ ನಿಲುವಂಗಿ ಹೊದಿಸುತ್ತೇವೆ. ಹೊದ್ದವರು ಆಹಾ ಎನ್ನುತ್ತಾರೆ, ಮನೆಗೆ ಹೋಗಿ ಮಡಚಿಡುತ್ತಾರೆ, ಮುಂದಿನ ಮದುವೆಯಲ್ಲಿ ಇನ್ನೊಬ್ಬರಿಗೆ ಹೊದಿಸುತ್ತಾರೆ. ಹೊದಿಸುವವರಿಗೂ ಗೊತ್ತು, ಹೊದ್ದವರಿಗೂ ಗೊತ್ತು. ಸ್ನಾನಗೃಹದ ಬಾಯ್ಲರಿಗೆ ಕಲ್ಲಿದ್ದಲು ಹಾಕುವ ನಮ್ಮ ಕಾಲಿಚಾ ಅಕ್ಕ ಒಮ್ಮೆ ಒಂದು ಹಸಿರು ನಿಲುವಂಗಿಯ ಕಾಲರಿನ ಒಳಗೆ ಕೆಂಪು ಉಣ್ಣೆಯ ಎಳೆಯೊಂದನ್ನು ಹೊಲಿದು ಬೀಗಿತ್ತಿಗೆ ಹೊದಿಸಿದಳು. ಆರು ವರ್ಷದ ಮೇಲೆ ತಮ್ಮನ ಮದುವೆಯಲ್ಲಿ ಅವಳ ಹೆಗಲಿಗೇ ಒಂದು ಹಸಿರು ನಿಲುವಂಗಿ ಬಿತ್ತು. ಬೆರಳು ಹಾಕಿ ನೋಡಿದಳು. ಕೆಂಪು ಎಳೆ.

ಆವಿಯ ಕೋಣೆಯಲ್ಲಿ ಅವಳು ಹೇಳಿದ್ದನ್ನು ಇದ್ದ ಹಾಗೆ ಬರೆದುಕೊಂಡಿದ್ದೇನೆ: “ನನ್ನ ಮಗೂನೇ ವಾಪಸ್ ಬಂದಂಗಾಯ್ತು ಕಣ್ರೇ. ಅಯ್ಯೋ ಎಷ್ಟು ಮನೆ ತಿರುಗ್ದೆ, ಎಷ್ಟು ಸೊರಗ್ದೆ ಅಂತ ಅತ್ತೇಬಿಟ್ಟೆ. ಬೀಗರು ‘ನೋಡಿ, ಖುಷಿಗೆ ಕಣ್ಣೀರು’ ಅಂದ್ರು. ಅದಕ್ಕೆ ನಾನು ಇನ್ನೂ ಸ್ವಲ್ಪ ಅತ್ತೆ.”

ಅಧ್ಯಕ್ಷರಿಗೆ ಸಭೆಯ ಆರಂಭದಲ್ಲಿ ಹೊದಿಸಿದ ನಿಲುವಂಗಿಯೂ ಹಸಿರು ಎಂಬುದನ್ನು ನಾನು ಗಮನಿಸಿಲ್ಲ.

ಎರಡನೆಯದು ‘ಕಣ್ಣು ನುಂಗುವುದು’. ಕುರಿಯ ತಲೆಯನ್ನು ಯಾರ ಮುಂದೆ ಇಡುತ್ತೇವೋ ಅವರು ದೊಡ್ಡವರು. ದೊಡ್ಡವರಾದ ಮೇಲೆ ಕಣ್ಣನ್ನು ತಿನ್ನಲೇಬೇಕು, ತಿಂದು ಹೊಗಳಲೇಬೇಕು. ಇವತ್ತು ಮಧ್ಯಾಹ್ನ ಮುಖ್ಯ ಅತಿಥಿಗಳು “ಇಂಥ ರುಚಿ ಇಡೀ ಜಿಲ್ಲೆಯಲ್ಲಿ ನೋಡಿಲ್ಲ” ಎಂದರು. ಅಡುಗೆಮನೆಯಲ್ಲಿ ಒಬ್ಬಳು ಇನ್ನೊಬ್ಬಳಿಗೆ “ನುಂಗಿದ್ರು” ಎಂದಳು. ಈ ಮಾತಿನ ಬಳಕೆ ಊಟಕ್ಕೆ ಮಾತ್ರ ಸೀಮಿತವಲ್ಲ. ಅಳಿಯ ತಂದ ಸೆಂಟು, ಸೊಸೆ ಹೊಲಿದ ದಿಂಬು, ಮೇಲಧಿಕಾರಿ ಓದಿದ ಪದ್ಯ, ಎಲ್ಲವನ್ನೂ ನುಂಗಬಹುದು. ನಮ್ಮ ಹೊಳೆಯ ಸೇತುವೆಯನ್ನು ಮೂರು ಸಲ ಉದ್ಘಾಟಿಸಿದರು. ಸೇತುವೆ ಇನ್ನೂ ಬಂದಿಲ್ಲ. ಮೂರು ಸಲವೂ ನಾವು ನುಂಗಿದೆವು, ಚಪ್ಪಾಳೆಯ ಜೊತೆ.

ಬಳಕೆಯಲ್ಲಿ ವ್ಯತ್ಯಾಸವಿದೆ. ನಿಲುವಂಗಿ ನಗು ಬಾಯಿಯ ಕೆಲಸ, ಎರಡು ನಿಮಿಷದಲ್ಲಿ ಮುಗಿಯುತ್ತದೆ. ಕಣ್ಣು ನುಂಗುವುದು ಗಂಟಲಿನ ಕೆಲಸ, ಸಂಜೆಯವರೆಗೆ ಹೊಟ್ಟೆಯಲ್ಲಿ ಇರುತ್ತದೆ. ಮೂರನೆಯದು, ‘ಓಲೆ ಮುಖ’, ಹೆಚ್ಚು ಕಾಲ ಬಾಳುವಂಥದ್ದು. ಹುಡುಗನ ತಾಯಿ ಬಂದು ಹುಡುಗಿಯ ಕಿವಿಗೆ ಓಲೆ ಹಾಕಿದಾಗ ಹುಡುಗಿ ಮಾಡಬೇಕಾದ ಮುಖ ಅದು. ಹೇಗೆ ಮಾಡಬೇಕೆಂಬುದನ್ನು ಸ್ನಾನಗೃಹದಲ್ಲಿ ದೊಡ್ಡವರು ಚಿಕ್ಕವರಿಗೆ ಹೇಳಿಕೊಡುತ್ತಾರೆ: ನೆಲ ನೋಡು, ಮನಸ್ಸಿನಲ್ಲಿ ಮೂರು ಎಣಿಸು, ತುಟಿಯ ಒಂದು ತುದಿಯನ್ನು ಮಾತ್ರ ಮೇಲೆತ್ತು. ಎರಡೂ ತುದಿ ಎತ್ತಿದರೆ ಆಸೆಬುರುಕಿ ಎನ್ನುತ್ತಾರೆ. ಒಂದೂ ಎತ್ತದಿದ್ದರೆ ಬೇರೆ ಯಾರನ್ನೋ ನೋಡಿಕೊಂಡಿದ್ದಾಳೆ ಎನ್ನುತ್ತಾರೆ.

ಈ ಮುಖವನ್ನು ನಾನೂ ಮಾಡಿದ್ದೇನೆ. ಹೋದ ಶರತ್ಕಾಲದಲ್ಲಿ, ಆಲೂಗೆಡ್ಡೆ ಅಗೆಯುವ ದಿನಗಳಲ್ಲಿ. ಶನಿವಾರ ಕೆಲಸ ಮುಗಿಸಿ, ಬ್ಲೀಚಿನ ವಾಸನೆಯ ಕೈಯಲ್ಲಿ ಮನೆಗೆ ಬಂದರೆ ಬಾತ್ಮಾ ಅಕ್ಕನವರು ಅತಿಥಿಗಳ ಜಾಗದಲ್ಲಿ ಕುಳಿತಿದ್ದರು. ಅಂಗಳದಲ್ಲಿ ಒಂದು ಕುರಿ ಕಟ್ಟಿತ್ತು. ಅಮ್ಮ ನನ್ನನ್ನು ಹೆಗಲು ಹಿಡಿದು ಕೂರಿಸಿದಳು. ಬೆಳ್ಳಿ ಓಲೆ, ನಡುವೆ ಹವಳ. ನನ್ನನ್ನು ಯಾರೂ ಏನೂ ಕೇಳಲಿಲ್ಲ. ಕೇಳುವ ಪದ್ಧತಿಯೂ ಇಲ್ಲ. ಬಾತ್ಮಾ ಅಕ್ಕನವರು ಹೇಳಿದ್ದು ನೆನಪಿದೆ: “ನೋಡ್ರೇ, ನೋಡ್ರೇ, ಹ್ಯಾಗೆ ನಾಚ್ಕೊಂಡು ಕೆಂಪಾದ್ಲು ಹುಡುಗಿ! ಇಂಥ ನಾಚ್ಕೆ ಈಗಿನವರಲ್ಲಿ ಎಲ್ಲಿದೆ?” ಬಾತ್ಮಾ ಅಕ್ಕ, ಹತ್ತು ಗಂಟೆ ಆವಿಯ ಪಕ್ಕ ಕೂತವರೆಲ್ಲ ಕೆಂಪಗೇ ಇರುತ್ತಾರೆ. ಗುರುವಾರ ಬಂದು ನೋಡಿದರೆ ನಿಮ್ಮ ಯಜಮಾನರೂ ಹಾಗೆಯೇ ಕಾಣುತ್ತಾರೆ.

ಬಾತ್ಮಾ ಅಕ್ಕನವರ ಯಜಮಾನರು ಎಂದರೆ ನಮ್ಮ ಅಧ್ಯಕ್ಷರು. ಊರಿಗೆಲ್ಲ ಗೊತ್ತಿರುವ ವಿಷಯ. ಇವರ ಮಗ ಮೆಲಿಸ್ ಒಳ್ಳೆಯ ಹುಡುಗ. ಅವನ ಬಗ್ಗೆ ದೂರು ಹೇಳಲು ನಾನು ಬಹಳ ಹುಡುಕಿದೆ, ಸಿಗಲಿಲ್ಲ. ಕುಡಿಯುವುದಿಲ್ಲ, ಬಯ್ಯುವುದಿಲ್ಲ. ಓಲೆ ಹಾಕಿದ ಮರುವಾರ ಸ್ನಾನಗೃಹದ ಕಿಂಡಿಗೆ ಬಗ್ಗಿ ಕೇಳಿದ: “ಖುಷಿಯಾಯ್ತಾ ಜಿಪಾರ್?” ನಾನು ಬಾಯಿ ತೆರೆಯುವುದರೊಳಗೆ, “ನಂಗೊತ್ತಿತ್ತು. ಅಂದ ಹಾಗೆ ಕಾರಿಗೆ ಚಳಿಗಾಲದ ಟೈರು ಸಿಕ್ತು, ಹೊಸಾದಲ್ಲ, ಆದ್ರೂ ಹಲ್ಲು ಚೆನ್ನಾಗಿದೆ” ಎಂದ. ನಾನು “ಆಹಾ” ಎಂದೆ. ಎಷ್ಟು ಚೆನ್ನಾಗಿ ಎಂದೆನೆಂದರೆ, ಅವನು ಮತ್ತೆ ಅರ್ಧ ಗಂಟೆ ಟೈರಿನ ಬಗ್ಗೆ ಹೇಳಿದ. ಅವನು ಹೋದ ಮೇಲೆ ನನಗೆ ಭಯವಾಯಿತು. ಮೂರು ವರ್ಷ ಬೇರೆಯವರ ಮಾತುಗಳನ್ನು ಬರೆಯುತ್ತ ಬರೆಯುತ್ತ ಕೈ ಮಾತ್ರ ಕಲಿತಿದೆ ಎಂದುಕೊಂಡಿದ್ದೆ. ಬಾಯಿಯೂ ಕಲಿತಿತ್ತು.

ಇದನ್ನೆಲ್ಲ ಹೇಳುವ ಯೋಚನೆ ಇರಲಿಲ್ಲ. ಪುಸ್ತಕದ ವಿಷಯಕ್ಕೆ ಬರುತ್ತೇನೆ.

ಸೊಸೆಯಾಗುವವಳು ಏನೋ ಬರೆಯುತ್ತಾಳಂತೆ ಎಂದು ಮೇಷ್ಟ್ರಿಗೆ ತಿಳಿಯಿತು. ಸಂತೋಷಪಟ್ಟರು. ನಿಜವಾದ ಸಂತೋಷವೇ, ನಾನು ನೋಡಿದೆ. “ಮದುವೆಗೆ ಮುಂಚೆ ಅಚ್ಚು ಹಾಕಿಸ್ತೀನಮ್ಮ, ಭವನದ ಹೆಸರಲ್ಲಿ” ಎಂದು ಟಿಕೆಟ್ ಪುಸ್ತಕಗಳನ್ನು ತೆಗೆದುಕೊಂಡು ಹೋದರು. ನನ್ನಂಥವಳ ಬರಹ ಅಚ್ಚಾಗುತ್ತದೆ ಎಂದರೆ ಏನೆಂದು ಈ ಸಭೆಗೆ ಹೇಗೆ ಹೇಳಲಿ? ಆ ವಾರ ನಾನು ನಾಲ್ಕು ಜನರಿಗೆ ಟಿಕೆಟ್ ಕೊಡದೆಯೇ ಒಳಗೆ ಬಿಟ್ಟೆ. ಮೂವತ್ತು ಮಾತುಗಳನ್ನು ಓದಿ ಮೇಷ್ಟ್ರು ನಕ್ಕರು. ಮೂವತ್ತೊಂದನೆಯದಕ್ಕೆ ಬಂದು ನನ್ನನ್ನು ಕರೆಸಿ ಬಾಗಿಲು ಮುಚ್ಚಿದರು.

ಮೂವತ್ತೊಂದನೆಯ ಮಾತು ‘ಕೆಂಡವಿಲ್ಲದೆ ಸಮೋವಾರ್ ಹಾಡಿಸುವುದು’.

ಚಹಾದ ನೀರು ಕಾಯಿಸುವ ಸಮೋವಾರ್ ಕುದಿಯುವ ಮೊದಲು ಹಾಡುತ್ತದೆ, ಅದು ನಿಮಗೆ ಗೊತ್ತು. ಹೊಟ್ಟೆಯಲ್ಲಿ ಕೆಂಡವಿದ್ದರೆ ತಾನಾಗಿ ಹಾಡುತ್ತದೆ. ಕೆಂಡವೇ ಇಲ್ಲದಿದ್ದರೆ? ಹೊರಗೆ ಕೂತವರು ಚಹಾಕ್ಕೆ ಕಾಯುತ್ತಿದ್ದರೆ? ಆಗ ಹೆಂಗಸು ತಾನೇ ಬಾಯಿಯಲ್ಲಿ ಸೂಂ ಎಂದು ಹಾಡುತ್ತಾಳೆ. ಕೇಳಿದವನು ಕುದಿಯಿತೆಂದು ತೃಪ್ತಿಯಿಂದ ಮಗ್ಗುಲು ತಿರುಗಿ ಮಲಗುತ್ತಾನೆ. ಇದಕ್ಕಿಂತ ಬಿಡಿಸಿ ಹೇಳಲು ನನಗೆ ನಾಚಿಕೆ, ಹೇಳಿಸಿಕೊಳ್ಳಲು ನಿಮಗೆ ನಾಚಿಕೆ. ಮದುವೆಯಾದ ಹೆಂಗಸರಿಗೆ ಗೊತ್ತಾಗಿದೆ. ಗೊತ್ತಾಗದವರು ಪಕ್ಕದವರ ಕೆನ್ನೆ ನೋಡಿ ತಿಳಿದುಕೊಳ್ಳಬಹುದು.

ಬಾಗಿಲು ಮುಚ್ಚಿ ಮೇಷ್ಟ್ರು ಕೇಳಿದರು: “ಯಾರಮ್ಮ ಇದನ್ನ ಹೇಳಿದ್ದು?”

“ಗೊತ್ತಿಲ್ಲ ಮೇಷ್ಟ್ರೇ. ಆವಿ ಇತ್ತು.”

“ಕೊಳವೆಯಲ್ಲಿ ದನಿ ಬರುತ್ತಲ್ಲ?”

“ದನಿಗೂ ಆವಿ ಹಿಡಿದಿತ್ತು.”

ಮೇಷ್ಟ್ರು ಎದ್ದು ಕಿಟಕಿಯ ಹತ್ತಿರ ಹೋದರು, ಬಂದರು. “ನೋಡಮ್ಮ, ಮೂವತ್ತು ಇರಲಿ. ಆ ಪುಟ ತೆಗಿ, ಅದಿದ್ರೆ ಪುಸ್ತಕ ಇಲ್ಲ. ನಮ್ಮ ಸೊಸೆ ಇಂಥದ್ದು ಬರೆದಳು ಅಂದ್ರೆ ನಾಳೆ ಜನ ನಮ್ಮ ಮನೆ ಕಡೆ ಕಿವಿ ಕೊಟ್ಟು ಕೂರ್ತಾರೆ. ಇಲ್ಲಾ ಹೇಳಿದ್ದು ಯಾರು ಅಂತಾದ್ರೂ ಹೇಳು, ಅವಳ ಹೆಸರು ಹಾಕೋಣ. ಒಬ್ಬಳು ಕೆಟ್ಟವಳ ಮಾತು ಅಂತ ಆಗ್ಲಿ, ಎಲ್ಲರ ಮಾತು ಅಂತ ಬೇಡ.”

ಇದನ್ನು ಹೇಳಿದ್ದಕ್ಕೆ ಮೇಷ್ಟ್ರು ಕೋಪ ಮಾಡಿಕೊಳ್ಳಬಾರದು. ಅವರು ಗುಟ್ಟಾಗಿಡು ಎನ್ನಲಿಲ್ಲ, ಪುಟ ತೆಗಿ ಎಂದರು ಅಷ್ಟೆ.

ಗುಟ್ಟಾಗಿ ಉಳಿಯಲೂ ಇಲ್ಲ. ಭವನದ ಟೈಪಿಸ್ಟ್ ಆ ಪುಟವನ್ನು ಬೆಳಗ್ಗೆ ಓದಿದಳು, ಊರು ಮಧ್ಯಾಹ್ನ ಓದಿತು. ಸಂಜೆಯ ಹೊತ್ತಿಗೆ ಪ್ರತಿ ಮನೆಯಲ್ಲೂ ಒಂದೇ ಪ್ರಶ್ನೆ. ಗಂಡ ಕೇಳುತ್ತಾನೆ: “ನಮ್ಮನೇಲಿ ಹಾಗಿಲ್ಲ ಅಲ್ವೇನೇ?” ಹೆಂಡತಿ ಹೇಳುತ್ತಾಳೆ: “ಛೆ, ನಮ್ಮನೇಲೆಲ್ಲಿ! ನಿಮ್ಮಂಥವರು ಇರುವಾಗ!” ಮಹನೀಯರೇ, ಆ ಉತ್ತರಕ್ಕೆ ಮುಂದಿನ ಶನಿವಾರವೇ ಹೊಸ ಹೆಸರು ಬಿತ್ತು. ಅದು ಮೂವತ್ತೆರಡನೆಯ ಮಾತು. ಹೇಳುವುದಿಲ್ಲ, ನೀವು ಮನೆಗೆ ಹೋಗಬೇಕಲ್ಲ.

ಈಗ ನಾನು ಕೇಳುತ್ತೇನೆ. ಯಾರು ಹೇಳಿದ್ದು ಎಂದು ತಿಳಿದು ಏನು ಪ್ರಯೋಜನ? ನಿಲುವಂಗಿ ನಗುವನ್ನು ಮೊದಲು ಹೇಳಿದ್ದು ಯಾರೆಂದು ಯಾರೂ ಕೇಳಲಿಲ್ಲ. ಕಣ್ಣು ನುಂಗುವುದನ್ನು ಯಾರು ಹೇಳಿದರೆಂದು ಮುಖ್ಯ ಅತಿಥಿಗಳೂ ಕೇಳುತ್ತಿಲ್ಲ. ಈ ಒಂದಕ್ಕೆ ಮಾತ್ರ ಹೆಸರು ಬೇಕು. ಯಾಕೆ? ಹೆಸರು ಸಿಕ್ಕರೆ ಉಳಿದ ಸಮೋವಾರುಗಳೆಲ್ಲ ನಿಜವಾಗಿ ಕುದಿಯುತ್ತಿವೆ ಎಂದು ನಂಬಬಹುದು, ಅದಕ್ಕೆ.

ಅವತ್ತು ಕೊಳವೆಯಲ್ಲಿ ಬಂದದ್ದು ಇಷ್ಟು. ಓಲೆ ಹಾಕಿದ ಎರಡು ವಾರದ ಮೇಲಿನ ಶನಿವಾರ. ಒಳಗೆ ನೀರು ಸುರಿಯುವ ಸದ್ದು, ಬರ್ಚ್ ಮರದ ಬರಲಿನಿಂದ ಬೆನ್ನಿಗೆ ಹೊಡೆದುಕೊಳ್ಳುವ ಸದ್ದು. ಒಬ್ಬಳು ಹೇಳಿದಳು: “ಇಪ್ಪತ್ತಾರು ವರ್ಷ ಹಾಡಿಸ್ದೆ ಕಣ್ರೇ, ಕೆಂಡ ಇಲ್ದೆ. ಕೆಟ್ಟವನಲ್ಲ ಪಾಪ, ದುಡೀತಿದ್ದ, ಹೊಡೀಲಿಲ್ಲ. ಆದ್ರೆ ಒಂದೇ ಒಂದ್ಸಲ ಕುದೀತಾ ಅಂತ ಮುಚ್ಚಳ ತೆಗೆದು ನೋಡ್ಲಿಲ್ಲ.” ಎಲ್ಲರೂ ನಕ್ಕರು. ಕಾಲಿಚಾ ಅಕ್ಕ ಬಾಯ್ಲರಿನ ಬಾಗಿಲು ಬಡಿದು ಬಡಿದು ನಕ್ಕಳು. ನಗು ನಿಂತ ಮೇಲೆ ಅದೇ ದನಿ ಮೆಲ್ಲಗೆ ಹೇಳಿತು: “ಮೊನ್ನೆ ಕಿಂಡಿಯಲ್ಲಿ ಆ ಹುಡುಗನ ಜೊತೆ ಅವಳು ಆಹಾ ಅಂದಿದ್ದು ಕೇಳಿಸ್ತು. ನನ್ನ ದನೀನೇ ಕಣ್ರೇ. ಶುರು ಮಾಡ್ಬಿಟ್ಲು.”

ಆ ದನಿ ಯಾರದೆಂದು ನನಗೆ ಗೊತ್ತಿಲ್ಲ. ಆ ಶನಿವಾರ ಮೂವತ್ತನಾಲ್ಕು ಟಿಕೆಟ್ ಹರಿದಿದ್ದೇನೆ, ಮೂವತ್ತನಾಲ್ಕು ಜನರಲ್ಲಿ ಯಾರೂ ಆಗಿರಬಹುದು. ಒಳಗೆ ಸ್ನಾನಕ್ಕೆ ಇದ್ದವರು ಮಾತ್ರ ಮೂವತ್ತೈದು. ಮೂವತ್ತೈದನೆಯವಳಿಗೆ ನಾನು ಟಿಕೆಟ್ ಹರಿಯಲಿಲ್ಲ, ಯಾಕೆಂದರೆ ಕೆಲಸದವರ ಮನೆಯವರಿಗೆ ಟಿಕೆಟ್ ಇಲ್ಲ.

ಅಯ್ಯೋ.

ಇದು ಹೊಡೆದುಹಾಕಿದ ಸಾಲು. ಕ್ಷಮಿಸಿ. ಗೆರೆ ಸರಿಯಾಗಿ ಎಳೆದಿರಲಿಲ್ಲ, ಗೊತ್ತಾಗದೆ ಓದಿಬಿಟ್ಟೆ.

ಅಮ್ಮಾ, ಎದ್ದು ಹೋಗಬೇಡ. ಹೊರಗೆ ಹಿಮ ಬೀಳುತ್ತಿದೆ.

ಕುಳಿತಳು. ಕಾಲಿಚಾ ಅಕ್ಕ ಕೈ ಹಿಡಿದಿದ್ದಾಳೆ. ನೀವೆಲ್ಲ ಹಿಂದೆ ತಿರುಗಿ ನೋಡುವುದನ್ನು ದಯವಿಟ್ಟು ನಿಲ್ಲಿಸಿ. ನೋಡಲೇಬೇಕೆಂದಿದ್ದರೆ ಎಲ್ಲರೂ ಅವರವರ ಪಕ್ಕಕ್ಕೆ ನೋಡಿಕೊಳ್ಳಿ.

ಈಗ ಕಾಗದ ಇದ್ದೂ ಪ್ರಯೋಜನವಿಲ್ಲ, ಇರುವುದನ್ನು ಹೇಳುತ್ತೇನೆ. ಅಪ್ಪ ತೀರಿಕೊಂಡು ಐದು ವರ್ಷವಾಯಿತು. ಅಮ್ಮ ಹೇಳಿದ ಹಾಗೆಯೇ ಅವನು ಕೆಟ್ಟವನಲ್ಲ. ಅವನಿಗೆ ಯಾರೂ ಮುಚ್ಚಳ ತೆಗೆದು ನೋಡು ಎಂದು ಹೇಳಿಕೊಟ್ಟಿರಲಿಲ್ಲ, ಅಷ್ಟೆ. ಆ ಮಾತು ಕೇಳಿದ ಸಂಜೆ ನಾನು ಮನೆಗೆ ಹೋದಾಗ ಅಮ್ಮ ನೂಡಲ್ಸ್‌ಗೆ ಹಿಟ್ಟು ಲಟ್ಟಿಸುತ್ತಿದ್ದಳು. “ಮೆಲಿಸ್ ಒಳ್ಳೇ ಹುಡುಗ” ಎಂದಳು. “ಹೌದಮ್ಮ” ಎಂದೆ. ದನಿ ನನಗೆ ಗುರುತು ಸಿಕ್ಕಿದ್ದು ಅವಳಿಗೆ ಗೊತ್ತಿಲ್ಲ, ನನಗೆ ಅವಳು ಹೇಳಿದ್ದು ಗೊತ್ತು. ಹೀಗೆ ಚಳಿಗಾಲ ಪೂರ್ತಿ ಒಂದೇ ಕಂಬಳಿಯ ಮೇಲೆ ಕೂತು ಇಬ್ಬರೂ ಹಾಡಿಸಿದೆವು. ಅವಳು ಮದುವೆಯ ಕಂಬಳಿಗೆ ಉಣ್ಣೆ ಬಡಿಯುತ್ತಿದ್ದಳು. ನಾನು ಹೊಗಳುತ್ತಿದ್ದೆ. ಆ ಉಣ್ಣೆ ನಿಜವಾಗಿಯೂ ಚೆನ್ನಾಗಿತ್ತು, ಅದೇ ದುಃಖ.

ಮೇಷ್ಟ್ರೇ, ನಿಮಗೆ ಬೇಕಿದ್ದ ಹೆಸರು ಸಿಕ್ಕಿತು. ನನ್ನ ಬಾಯಿಂದಲೇ ಸಿಕ್ಕಿತು. ಈಗ ‘ಒಬ್ಬಳು ಕೆಟ್ಟವಳ ಮಾತು’ ಎಂದು ಹಾಕುತ್ತೀರಾ? ಊರಿನ ಅರ್ಧ ಮಕ್ಕಳನ್ನು ಹೆರಿಗೆಯಲ್ಲಿ ತನ್ನ ಕೈಯಲ್ಲಿ ಹಿಡಿದವಳು ಅವಳು. ನಿಮ್ಮ ಮೆಲಿಸ್‌ನನ್ನೂ. ಪುಟ ಇರುತ್ತದೆ. ಪುಟ ಇದ್ದರೆ ಪುಸ್ತಕ ಇರುವುದಿಲ್ಲ ಎಂದು ನೀವು ಹೇಳಿದ್ದೀರಿ, ನಾನು ಮರೆತಿಲ್ಲ. ಮೂರು ವರ್ಷದ ಕೆಲಸ, ಆಸೆ ಇಲ್ಲ ಎಂದರೆ ಅದು ಮೂವತ್ತಮೂರನೆಯ ಮಾತಾದೀತು. ಆಸೆ ಬಹಳ ಇತ್ತು. ಟಿಕೆಟ್ ಪುಸ್ತಕಗಳನ್ನು ದಯವಿಟ್ಟು ಹಿಂದಿರುಗಿಸಿ. ಕಿಂಡಿಯ ಹತ್ತಿರ ಮೊಳೆಗೆ ತೂಗುಹಾಕುತ್ತೇನೆ. ಶನಿವಾರ ಕೂದಲು ಒಣಗಿಸಿಕೊಳ್ಳುತ್ತ ಯಾರು ಬೇಕಾದರೂ ಓದಬಹುದು. ನನ್ನ ಅಕ್ಷರ ಗೊತ್ತಾಗದಿದ್ದರೆ ನಾನೇ ಓದಿ ಹೇಳುತ್ತೇನೆ. ಗುರುವಾರವೂ ಅಲ್ಲೇ ಇರುತ್ತದೆ.

ಮುಖ್ಯ ಅತಿಥಿಗಳು ಹೂವು ಕೊಟ್ಟಿದ್ದಕ್ಕೆ, ಭವನದವರು ಕಾಗದ ಕೊಟ್ಟಿದ್ದಕ್ಕೆ, ಬಂದವರು ನಡುಗುತ್ತ ಕೇಳಿದ್ದಕ್ಕೆ ನಾನು ಕೃತಜ್ಞಳು. ಆರು ಬಟ್ಟಲುಗಳ ಈ ಪೆಟ್ಟಿಗೆಯ ದಾರದ ಗಂಟು ಕಪ್ಪಾಗಿದೆ. ಎಷ್ಟು ಮನೆ ನೋಡಿ ಬಂದಿದೆಯೋ ತಿಳಿಯದು. ನಾನು ಇದನ್ನು ಯಾರಿಗೂ ದಾಟಿಸುವುದಿಲ್ಲ. ಇವತ್ತೇ ಬಿಚ್ಚುತ್ತೇನೆ. ಐದೇ ಇದ್ದರೆ ಐದರಲ್ಲಿ ಕುಡಿಯುತ್ತೇವೆ.

ಇನ್ನು ಆ ಬಿಳಿ ಕರವಸ್ತ್ರದ ಗಂಟು. ಬಾತ್ಮಾ ಅಕ್ಕ, ಅದನ್ನು ನೀವೇ ಬಿಚ್ಚಿ, ಅದು ನಿಮ್ಮದು. ಹವಳ ಸವೆದಿಲ್ಲ, ಕೊಂಡಿ ಬಾಗಿಲ್ಲ, ಒರೆಸಿ ಇಟ್ಟಿದ್ದೇನೆ. ಮೆಲಿಸ್‌ಗೆ ನಾನೇ ಹೇಳುತ್ತೇನೆ. ಅವನು ಕೇಳಿದ್ದು ಒಳ್ಳೆಯ ಪ್ರಶ್ನೆ. ಮುಂದೆ ಯಾರನ್ನಾದರೂ ಕೇಳಿದರೆ ಉತ್ತರಕ್ಕೆ ಸ್ವಲ್ಪ ಕಾಯಬೇಕೆಂದು ಹೇಳುತ್ತೇನೆ.

ನಾನೊಬ್ಬಳೇ ಇಷ್ಟು ಧೈರ್ಯ ಮಾಡಿದೆ ಎಂದು ಯಾರೂ ತಿಳಿಯಬಾರದು. ಇವತ್ತು ಬೆಳಗ್ಗೆ ಅಮ್ಮ ಈ ಸಭೆಗಾಗಿ ನನ್ನ ಜಡೆ ಹೆಣೆಯುತ್ತಿದ್ದಳು. ಎಡಗಡೆಯ ಜಡೆ ಮುಗಿಸಿ, ನನ್ನ ಎಡಗಿವಿಯ ಓಲೆಯನ್ನು ಬಿಚ್ಚಿ ನನ್ನ ಮಡಿಲಿಗೆ ಹಾಕಿದಳು. ಆಮೇಲೆ ಬಲಗಡೆಯ ಜಡೆ ಹೆಣೆದಳು. ಆ ಕಿವಿಯ ಓಲೆಯನ್ನು ಮಾತ್ರ ಮುಟ್ಟಲಿಲ್ಲ, ಕಾದಳು. ಅದನ್ನು ನಾನೇ ಬಿಚ್ಚಿದೆ.

ನಿಮಗೆಲ್ಲ ನಮಸ್ಕಾರ.